ಡಬ್ಬಿಯಲ್ಲಿ ಉಳಿದ ಕಾಡು

ವನ್ಯಜೀವಿ ಸಾಕ್ಷ್ಯಚಿತ್ರದ ಪ್ರತಿ ದೃಶ್ಯವನ್ನೂ ಅದರ ತಂಡವೇ ಕಾಡಿಗೆ ಹೋಗಿ ಚಿತ್ರೀಕರಿಸಿರಬೇಕೆಂದಿಲ್ಲ. ಮಳೆ ಕೈಕೊಟ್ಟಾಗ, ಪ್ರಾಣಿ ಮುಖವನ್ನೇ ತೋರಿಸದಿದ್ದಾಗ, ದುಡ್ಡು ಖಾಲಿಯಾದಾಗ ಯಾರೋ ಎಂದೋ ತೆಗೆದಿಟ್ಟ ಫುಟೇಜ್ ನೆರವಿಗೆ ಬರುತ್ತದೆ. ಅದನ್ನು ಹುಡುಕಿ, ಪರೀಕ್ಷಿಸಿ, ಹಕ್ಕು ಪಡೆದು ಸಂಕಲನಕಾರರ ಕೈಗೆ ಒಪ್ಪಿಸುವುದು ಆರ್ಕೈವ್ ಸಂಶೋಧಕರ ಕಸುಬು.

ಪ್ರಾಣಿಯೇ ಅಳಿದುಹೋಗಿದ್ದರೆ ಇವರನ್ನು ಬಿಟ್ಟು ಬೇರೆ ಗತಿಯಿಲ್ಲ. ಬೆನ್ನ ಮೇಲೆ ಪಟ್ಟೆಗಳಿದ್ದ, ಮರಿಗಳನ್ನು ಹೊಟ್ಟೆಚೀಲದಲ್ಲಿ ಸಾಕುತ್ತಿದ್ದ ಟಾಸ್ಮೇನಿಯಾದ ಥೈಲಸೀನ್ ಅಂಥದ್ದು. ನಮಗೆ ತಿಳಿದಿರುವ ಕೊನೆಯ ಥೈಲಸೀನ್ 1936ರಲ್ಲಿ ಹೋಬಾರ್ಟ್ ಮೃಗಾಲಯದಲ್ಲಿ ಸತ್ತಿತು. ಅಲ್ಲಿಯೇ 1933ರಲ್ಲಿ ಡೇವಿಡ್ ಫ್ಲೇ ತೆಗೆದ ಕಪ್ಪು-ಬಿಳುಪು ರೀಲಿನಲ್ಲಿ ಥೈಲಸೀನ್ ಬೋನಿನೊಳಗೆ ಅತ್ತಿಂದಿತ್ತ ಅಡ್ಡಾಡುತ್ತದೆ, ದವಡೆ ಅಗಲಿಸಿ ಆಕಳಿಸುತ್ತದೆ. ಜಗತ್ತಿನಲ್ಲಿ ಉಳಿದಿರುವ ಥೈಲಸೀನ್ ದೃಶ್ಯಗಳನ್ನೆಲ್ಲ ಕೂಡಿಸಿದರೂ ಮೂರು ನಿಮಿಷದ ಮೇಲೆ ಸ್ವಲ್ಪವಷ್ಟೆ. ಅದರಲ್ಲಿ 21 ಸೆಕೆಂಡು 1935ರ ಪ್ರವಾಸಚಿತ್ರವೊಂದರೊಳಗೆ ಮರೆಯಾಗಿತ್ತು. ಸಂಶೋಧಕರು ಪತ್ತೆಹಚ್ಚಿದ ಮೇಲೆ, ಆಸ್ಟ್ರೇಲಿಯಾದ ರಾಷ್ಟ್ರೀಯ ಚಲನಚಿತ್ರ ಮತ್ತು ಧ್ವನಿ ಸಂಗ್ರಹಾಲಯ ಅದನ್ನು 2020ರಲ್ಲಿ ಬಿಡುಗಡೆ ಮಾಡಿತು.

ದೊಡ್ಡ ಸಂಸ್ಥೆಗಳಿಗೂ ತಮ್ಮ ಕಪಾಟಿನಲ್ಲಿ ಏನಿದೆ ಎಂಬುದು ಮರೆತುಹೋಗುತ್ತದೆ. ಡೇವಿಡ್ ಅಟೆನ್‌ಬರೋ ಅವರ ‘ಝೂ ಕ್ವೆಸ್ಟ್’ 1950ರ ದಶಕದಲ್ಲಿ ಬಿಬಿಸಿಯಲ್ಲಿ ಕಪ್ಪು-ಬಿಳುಪಿನಲ್ಲಿ ಪ್ರಸಾರವಾಯಿತು. ಆದರೆ ಅದರ ಕೆಲವು ಸರಣಿಗಳನ್ನು 16 ಮಿ.ಮೀ. ಬಣ್ಣದ ಫಿಲ್ಮಿನಲ್ಲಿ ಚಿತ್ರೀಕರಿಸಲಾಗಿತ್ತು. ಹಾಗೆ ಮಾಡಿದರೆ ಕಪ್ಪು-ಬಿಳುಪಿನ ಚಿತ್ರವೂ ಹೆಚ್ಚು ಸ್ಪಷ್ಟವಾಗಿ ಬರುತ್ತದೆಂಬ ಲೆಕ್ಕಾಚಾರ. ದಶಕಗಳ ನಂತರ ರೀಲುಗಳು ಕಣ್ಣಿಗೆ ಬಿದ್ದು, 2016ರಲ್ಲಿ ಅವು ಬಣ್ಣದಲ್ಲೇ ಪ್ರಸಾರವಾದವು.

ದೃಶ್ಯ ಸಿಕ್ಕಿದರೆ ಅರ್ಧ ಕೆಲಸ ಮುಗಿದಂತೆ, ಅಷ್ಟೆ. ವಾಟರ್‌ಮಾರ್ಕ್ ಇರುವ ಪ್ರತಿ ತರಿಸಿಕೊಂಡು ಮೊದಲು ಜೀವಿಯನ್ನೂ ಜಾಗವನ್ನೂ ಖಚಿತಪಡಿಸಿಕೊಳ್ಳಬೇಕು. ನಾಗರಹೊಳೆಯ ಕಥೆಗೆ ಆಫ್ರಿಕಾದ ಚಿರತೆಯನ್ನು ತೂರಿಸಿದರೆ ಹಿಂದಿನ ಗಿಡಮರಗಳೇ ಗುಟ್ಟು ಬಿಟ್ಟುಕೊಡುತ್ತವೆ. ಆಮೇಲೆ ಹಕ್ಕಿನ ಚೌಕಾಸಿ: ಯಾವ ದೇಶಕ್ಕೆ, ಯಾವ ಮಾಧ್ಯಮಕ್ಕೆ, ಎಷ್ಟು ವರ್ಷಕ್ಕೆ ಎಂಬುದನ್ನು ನೋಡಿ, ಸಾಮಾನ್ಯವಾಗಿ ಸೆಕೆಂಡಿನ ಲೆಕ್ಕದಲ್ಲಿ ದರ ನಿಗದಿಯಾಗುತ್ತದೆ. ಟಿ.ವಿ.ಗೆ ಮಾತ್ರ ಹಕ್ಕು ಕೊಂಡವರು ಚಿತ್ರವನ್ನು ಒಟಿಟಿಗೆ ಕೊಡುವಾಗ ಮತ್ತೆ ದುಡ್ಡು ಕಟ್ಟಬೇಕು.

ಈಗ ಕಬಿನಿ, ಬಂಡೀಪುರಗಳಿಗೆ ಹೋದವರ ಕೈಯಲ್ಲೆಲ್ಲ ಕ್ಯಾಮೆರಾ ಇದೆ. ಮನೆಗಳ ಹಾರ್ಡ್ ಡಿಸ್ಕುಗಳಲ್ಲಿ ಹೆಸರಿಲ್ಲದ ವಿಡಿಯೊಗಳು ತುಂಬಿವೆ. ದಿನಾಂಕ, ಸ್ಥಳ, ಜೀವಿಯ ಹೆಸರು, ತೆಗೆದವರ ಹೆಸರು, ಇಷ್ಟನ್ನು ಬರೆದಿಡಿ. ಬರೆದಿಡದ ದೃಶ್ಯ ಎಷ್ಟೇ ಸೊಗಸಾಗಿದ್ದರೂ ನಾಳೆ ಯಾರ ಕೆಲಸಕ್ಕೂ ಬಾರದು.