ಅರವತ್ನಾಲ್ಕು ಮನೆ, ನೂರಮೂವತ್ತೆಂಟು ಸೂಪಾ

ದಾಂಡೇಲಿಯಿಂದ ಹಳಿಯಾಳದ ಮೇಲೆ ಧಾರವಾಡಕ್ಕೆ ಸುಮಾರು 55 ಕಿಲೋಮೀಟರ್. ಅಷ್ಟು ದೂರವನ್ನು ಒಬ್ಬರು ಚೆಸ್ ಆಡುತ್ತಲೇ ನಡೆದಿದ್ದಾರೆ! 2011ರಲ್ಲಿ ಇರಾನಿನ ಗ್ರ್ಯಾಂಡ್‌ಮಾಸ್ಟರ್ ಎಹ್ಸಾನ್ ಘಾಯೆಮ್ ಮಘಾಮಿ ಏಕಕಾಲಕ್ಕೆ 604 ಜನರ ವಿರುದ್ಧ ಆಡಿದರು. ಒಂದು ಮಣೆಯ ಮುಂದೆ ನಿಲ್ಲುವುದು, ಕಾಯಿ ಸರಿಸುವುದು, ಮುಂದಿನ ಮಣೆಗೆ ಹೆಜ್ಜೆ ಹಾಕುವುದು. ಹೀಗೆ 25 ಗಂಟೆ ದಾಟಿತು. ಗೆದ್ದದ್ದು 580, ಡ್ರಾ 16, ಸೋತದ್ದು ಬರೀ 8. ಚೆಸ್ ಎಂದರೆ ಕೂತಲ್ಲೇ ಕೂರುವವರ ಆಟ ಎನ್ನುವವರು ಧಾರವಾಡಕ್ಕೆ ಒಮ್ಮೆ ನಡೆದು ಬರಲಿ, ಆಮೇಲೆ ಮಾತಾಡೋಣ.

ಇಂಥವರು ಜಗತ್ತಿನಲ್ಲಿ ಎಷ್ಟಿದ್ದಾರೆ? 1950ರಲ್ಲಿ ಅಂತರರಾಷ್ಟ್ರೀಯ ಚೆಸ್ ಸಂಸ್ಥೆ ಫಿಡೆ ಮೊದಲ ಸಲ ಗ್ರ್ಯಾಂಡ್‌ಮಾಸ್ಟರ್ ಪಟ್ಟ ಕೊಟ್ಟಾಗ 27 ಜನ. ಐವತ್ತು ಸೀಟಿನ ಸಾರಿಗೆ ಬಸ್ಸು ಅರ್ಧಕ್ಕಿಂತ ತುಸು ಹೆಚ್ಚು ತುಂಬೀತು, ಅಷ್ಟೇ. ಈವರೆಗೆ ಆ ಪಟ್ಟಕ್ಕೇರಿದವರೆಲ್ಲರನ್ನೂ ಕೂಡಿಸಿದರೂ ಸುಮಾರು 2,000. ಅಂದರೆ ಎಂಟುನೂರು ಕೋಟಿ ಮನುಷ್ಯರ ಈ ಭೂಮಿಯಲ್ಲಿ ಮುಕ್ಕಾಲು ಶತಮಾನದ ಗ್ರ್ಯಾಂಡ್‌ಮಾಸ್ಟರುಗಳಿಗೆ 40 ಬಸ್ಸು ಸಾಕು. ಭಾರತಕ್ಕೆ ಎರಡು. ಕರ್ನಾಟಕದ ತೇಜಕುಮಾರ್, ಜಿ.ಎ. ಸ್ಟ್ಯಾನಿ, ಗಿರೀಶ್ ಕೌಶಿಕ್, ಪ್ರಣವ್ ಆನಂದ್ ನಾಲ್ವರನ್ನೂ ದಾಂಡೇಲಿಯ ಸಫಾರಿ ಜೀಪಿಗೆ ಹತ್ತಿಸಿದರೆ ಇನ್ನೂ ಜಾಗ ಉಳಿಯುತ್ತದೆ!

ಆದರೆ ಬಸ್ಸು ತುಂಬುತ್ತಿರುವ ವೇಗ ನೋಡಿ. 1988ರಲ್ಲಿ ವಿಶ್ವನಾಥನ್ ಆನಂದ್ ಭಾರತದ ಮೊದಲ ಗ್ರ್ಯಾಂಡ್‌ಮಾಸ್ಟರ್ ಆದರು. 50ನೆಯವರು 2017ರಲ್ಲಿ ಬಂದರು, ಅವರೇ ನಮ್ಮ ಮೈಸೂರಿನ ತೇಜಕುಮಾರ್. ಅಲ್ಲಿಯವರೆಗೆ ಸರಾಸರಿ ಏಳು ತಿಂಗಳಿಗೊಬ್ಬರು. 2025ರ ಜುಲೈನಲ್ಲಿ ದಿವ್ಯಾ ದೇಶ್‌ಮುಖ್ 88ನೆಯವರಾಗುವಷ್ಟರಲ್ಲಿ ಲೆಕ್ಕ ಎರಡೂವರೆ ತಿಂಗಳಿಗೊಬ್ಬರಿಗೆ ಇಳಿದಿತ್ತು. ಬೆಂಗಳೂರಿನ ಪ್ರಣವ್ ಆನಂದ್ 2022ರಲ್ಲಿ ರೊಮೇನಿಯಾದಲ್ಲಿ 16 ವರ್ಷದೊಳಗಿನವರ ವಿಶ್ವ ಕಿರೀಟ ಗೆದ್ದು, ಅದೇ ಪ್ರವಾಸದಲ್ಲಿ 76ನೆಯವನಾದ. ಆಗ ಅವನಿಗೆ 15 ವರ್ಷ. ತೇಜಕುಮಾರ್ ಮೂವತ್ತೈದು ದಾಟಿದ ಮೇಲೆ ಪಟ್ಟಕ್ಕೇರಿದರೆ, ಅಮೆರಿಕದ ಅಭಿಮನ್ಯು ಮಿಶ್ರಾ 2021ರಲ್ಲಿ 12 ವರ್ಷ 4 ತಿಂಗಳಿಗೇ ಏರಿದ. ಇನ್ನೊಂದು ತುದಿಯಲ್ಲಿ ವಿಕ್ಟರ್ ಕೊರ್ಚ್ನಾಯ್ 2011ರಲ್ಲಿ ಸ್ವಿಟ್ಜರ್ಲೆಂಡಿನ ರಾಷ್ಟ್ರೀಯ ಚಾಂಪಿಯನ್ ಆದರು, 80ನೆಯ ವಯಸ್ಸಿನಲ್ಲಿ! ಎಂಬತ್ತರ ಅಜ್ಜ ಒಂದು ದೇಶದ ಚಾಂಪಿಯನ್ ಆಗುವ ಆಟ ಇನ್ನಾವುದಿದೆ?

ಜೋಯಿಡಾದ ಗಡಿ ದಾಟಿದರೆ ಗೋವಾ. 2025ರ ನವೆಂಬರ್‌ನಲ್ಲಿ ಅಲ್ಲಿ ಚೆಸ್ ವಿಶ್ವಕಪ್ ನಡೆಯಿತು. ಆಟಗಾರರು 206, ಅವರಲ್ಲಿ ಭಾರತದವರೇ 24. ಹಳಿಯಾಳದ ಕುಸ್ತಿ ಕಣದ ಹಾಗೆ ಸೋತವನು ಹೊರಗೆ ಎಂಬ ನಿಯಮ. 205 ಜನ ಸೋತ ಮೇಲೆ ಉಳಿದವನು ಉಜ್ಬೇಕಿಸ್ತಾನದ ಜಾವೊಖಿರ್ ಸಿಂದರೋವ್ ಎಂಬ 19ರ ಹುಡುಗ.

ಸೋಲದೇ ಇರುವುದಕ್ಕೂ ಒಂದು ಮಿತಿ ಬೇಡವೇ? ಆಗಿನ ವಿಶ್ವ ಚಾಂಪಿಯನ್ ಮ್ಯಾಗ್ನಸ್ ಕಾರ್ಲ್‌ಸನ್ 2018ರ ಜುಲೈ 31ರಂದು ಸೋತರು. ಕ್ಲಾಸಿಕಲ್ ಆಟದಲ್ಲಿ ಅವರ ಮುಂದಿನ ಸೋಲು 2020ರ ಅಕ್ಟೋಬರ್ 10ಕ್ಕೆ. ನಡುವೆ 125 ಆಟ, 802 ದಿನ. ಜೋಯಿಡಾದ ಕಾಡಿನಲ್ಲಿ ಮೂರನೆಯ ಮಳೆಗಾಲ ಮುಗಿಯುತ್ತ ಬಂದರೂ ಆ ಮನುಷ್ಯ ಸೋತಿರಲಿಲ್ಲ.

ಅದಕ್ಕಿಂತ ವಿಚಿತ್ರ, ಇಬ್ಬರೂ ಗೆಲ್ಲದಿರುವುದು. 1984ರ ಸೆಪ್ಟೆಂಬರ್‌ನಲ್ಲಿ ಮಾಸ್ಕೋದಲ್ಲಿ ಕಾರ್ಪೋವ್ ಮತ್ತು ಕಾಸ್ಪರೋವ್ ವಿಶ್ವ ಕಿರೀಟಕ್ಕೆ ಕೂತರು. ಮೊದಲು ಆರು ಆಟ ಗೆದ್ದವನದು ಪಟ್ಟ. ಐದು ತಿಂಗಳು ಕಳೆಯಿತು. ಮುಂಡಗೋಡದ ಗದ್ದೆಯಲ್ಲಿ ಭತ್ತ ಬಿತ್ತಿ, ಕೊಯ್ದು, ಒಕ್ಕಣೆ ಮುಗಿಸುವಷ್ಟು ಕಾಲ! ಆಡಿದ್ದು 48 ಆಟ, ಅದರಲ್ಲಿ 40 ಡ್ರಾ. ಕೊನೆಗೆ 1985ರ ಫೆಬ್ರವರಿಯಲ್ಲಿ ಫಿಡೆ ಅಧ್ಯಕ್ಷರೇ ಬಂದು ಫಲಿತಾಂಶವಿಲ್ಲದೆ ಪಂದ್ಯ ನಿಲ್ಲಿಸಿದರು. ಒಂದೇ ಆಟದ ಉದ್ದದ ದಾಖಲೆ ಬೇಕೆಂದರೆ 1989ರ ಬೆಲ್‌ಗ್ರೇಡಿಗೆ ಹೋಗಬೇಕು. ನಿಕೊಲಿಚ್ ಮತ್ತು ಆರ್ಸೊವಿಚ್ ತಲಾ 269 ನಡೆ ಆಡಿದರು, 20 ಗಂಟೆ 15 ನಿಮಿಷ. ಅಷ್ಟು ಹೊತ್ತಿನಲ್ಲಿ ದಾಂಡೇಲಿಯಿಂದ ಬಸ್ಸಿನಲ್ಲಿ ಬೆಂಗಳೂರಿಗೆ ಹೋಗಿ, ಒಂದು ಚಹಾ ಕುಡಿದು, ಮುಂದಿನ ಬಸ್ಸಿಗೆ ಮರಳಿ ಬಿಡಬಹುದು. ಇಷ್ಟೆಲ್ಲ ಆಗಿ ಫಲಿತಾಂಶ? ಡ್ರಾ!

ಇವರೆಲ್ಲ ಮಣೆಯನ್ನು ನೋಡಿ ಆಡಿದವರು. 2016ರಲ್ಲಿ ಲಾಸ್ ವೇಗಸ್‌ನಲ್ಲಿ ಗ್ರ್ಯಾಂಡ್‌ಮಾಸ್ಟರ್ ತಿಮೂರ್ ಗರೆಯೆವ್ ಕಣ್ಣಿಗೆ ಬಟ್ಟೆ ಕಟ್ಟಿಕೊಂಡು 48 ಜನರ ವಿರುದ್ಧ ಒಟ್ಟಿಗೆ ಆಡಿದರು, ಅದೂ ವ್ಯಾಯಾಮದ ಸೈಕಲ್ ತುಳಿಯುತ್ತ. ಒಂದೇ ತಲೆಯೊಳಗೆ 3,072 ಮನೆ, ಆರಂಭದಲ್ಲಿ 1,536 ಕಾಯಿ. ಗೆಲುವು 35, ಡ್ರಾ 7, ಸೋಲು 6. ಹೆಚ್ಚಿನವರಿಗೆ ಇದೊಂದು ಸಾಹಸ. ಶಿವಮೊಗ್ಗದ ಕಿಶನ್ ಗಂಗೊಳ್ಳಿಯವರಿಗೆ ಕಾಣದ ಮಣೆಯೇ ದಿನದ ಮಣೆ. ಅಂಧರ ರಾಷ್ಟ್ರೀಯ ಚಾಂಪಿಯನ್ ಪಟ್ಟವನ್ನು ಅವರು ಐದು ಸಲ ಗೆದ್ದಿದ್ದಾರೆ.

ಇನ್ನು ಆ ಮಣೆಯನ್ನೇ ಅಳೆಯೋಣ. ಚದುರಂಗ ಕಟ್ಟಿದವನು ರಾಜನ ಬಳಿ ಮೊದಲ ಮನೆಗೊಂದು ಅಕ್ಕಿಕಾಳು, ಎರಡನೆಯದಕ್ಕೆ ಎರಡು, ಮೂರನೆಯದಕ್ಕೆ ನಾಲ್ಕು ಎಂದು ಕೇಳಿದ ಕತೆ ಎಲ್ಲರಿಗೂ ಗೊತ್ತು. ಒಟ್ಟು 20 ಅಂಕಿಗಳ ಸಂಖ್ಯೆ. ಕಿಲೋಗೆ 40,000 ಕಾಳು ಹಿಡಿದರೆ 46,000 ಕೋಟಿ ಟನ್ ಅಕ್ಕಿ. ಇಂದಿನ ಜಗತ್ತೆಲ್ಲ ಸೇರಿ ಬೆಳೆದರೂ ಸುಮಾರು 900 ವರ್ಷದ ಬೆಳೆ. ಕಾಳಿ ನದಿಗೆ ಜೋಯಿಡಾದಲ್ಲಿ ಕಟ್ಟಿದ ಸೂಪಾ ಜಲಾಶಯ ಹಿಡಿಯುವುದು ಸುಮಾರು 147 ಟಿಎಂಸಿ ನೀರು. ನೀರು ತೆಗೆದು ಅಕ್ಕಿ ಸುರಿದರೆ ಅಂಥ 138 ಸೂಪಾ ಬೇಕಾದಾವು!

ರಾಜನ ಸಾಲ ಏನೂ ಅಲ್ಲ, ಆಟದ ಲೆಕ್ಕ ಅದಕ್ಕೂ ದೊಡ್ಡದು. ಬಿಳಿ ಕಾಯಿಯವನಿಗೆ ಮೊದಲ ನಡೆಗೆ 20 ದಾರಿ. ಕಪ್ಪು ಉತ್ತರ ಕೊಟ್ಟರೆ 400. ಇಬ್ಬರೂ ಎರಡೆರಡು ನಡೆ ಆಡುವಷ್ಟರಲ್ಲಿ 1,97,281. ಮೂರು ಮೂರಕ್ಕೆ 11 ಕೋಟಿ 90 ಲಕ್ಷ, 2011ರ ಜನಗಣತಿಯ ಕರ್ನಾಟಕದ ಹೆಚ್ಚುಕಡಿಮೆ ದುಪ್ಪಟ್ಟು. ನಾಲ್ಕು ನಾಲ್ಕಕ್ಕೆ 8,499 ಕೋಟಿ, ಭೂಮಿಯ ಮೇಲಿನ ಪ್ರತಿ ಮನುಷ್ಯನಿಗೂ ಹತ್ತು ಬೇರೆ ಬೇರೆ ಆಟ ಹಂಚಬಹುದು. ಗ್ರ್ಯಾಂಡ್‌ಮಾಸ್ಟರುಗಳು ಈ ಮೊದಲ ನಾಲ್ಕು ನಡೆಗೆ ಸಾಮಾನ್ಯವಾಗಿ ಹೆಚ್ಚು ಯೋಚಿಸುವುದಿಲ್ಲ, ಗಡಿಯಾರ ಒತ್ತುತ್ತಲೇ ಇರುತ್ತಾರೆ.

ಪೂರ್ತಿ ಆಟಗಳು ಎಷ್ಟಿರಬಹುದೆಂದು ಅಮೆರಿಕದ ಗಣಿತಜ್ಞ ಕ್ಲಾಡ್ ಶಾನನ್ 1950ರಲ್ಲಿ ಅಂದಾಜು ಹಾಕಿದರು: 1ರ ಮುಂದೆ 120 ಸೊನ್ನೆ. ಕಾಣುವ ವಿಶ್ವದಲ್ಲಿರುವ ಪರಮಾಣುಗಳ ಅಂದಾಜೇ 1ರ ಮುಂದೆ 80 ಸೊನ್ನೆ. ತುಂಬಿದ ಸೂಪಾದ ನೀರನ್ನು ಹನಿ ಹನಿಯಾಗಿ ಎಣಿಸಿದರೆ ಬರುವ ಸಂಖ್ಯೆ 17 ಅಂಕಿಗೇ ಮುಗಿಯುತ್ತದೆ. ಅಂದ ಹಾಗೆ, ಶಾನನ್ ಲೆಕ್ಕ ಹಿಡಿದದ್ದು ತಲಾ 40 ನಡೆಯ ಆಟಕ್ಕೆ. ನಿಕೊಲಿಚ್ ಮತ್ತು ಆರ್ಸೊವಿಚ್ ಆಡಿದ್ದು 269!