ಹಿಮದ ನಾಡಿಗೆ ಹೋದ ಹರಿಕೇನ್‌ಗಳು

ಪ್ರಶ್ನೆ: ಎರಡನೇ ಮಹಾಯುದ್ಧದಲ್ಲಿ ಬ್ರಿಟಿಷ್ ವಾಯುಪಡೆ ರಷ್ಯಾದ ನೆಲದಿಂದ ಕಾದಾಡಿದ್ದು ನಿಜವೇ?

ಉತ್ತರ: ನಿಜ. ಹಿಟ್ಲರನ ಸೇನೆ ಸೋವಿಯತ್ ಒಕ್ಕೂಟದ ಮೇಲೆರಗಿದ್ದು 1941ರ ಜೂನ್‌ನಲ್ಲಿ. ಸೋವಿಯತ್ತರ ನೆರವಿಗೆಂದು ಸೆಪ್ಟೆಂಬರ್ ಹೊತ್ತಿಗೆ ಬ್ರಿಟನ್ನಿನ 81 ಮತ್ತು 134ನೇ ಸ್ಕ್ವಾಡ್ರನ್‌ಗಳು ಮುರ್ಮಾನ್‌ಸ್ಕ್ ಬಳಿಯ ವಾಯೆಂಗಾದಲ್ಲಿ ಬೀಡುಬಿಟ್ಟಿದ್ದವು. ಎರಡೂ ಸೇರಿದ 151ನೇ ವಿಂಗ್‌ಗೆ ನ್ಯೂಜಿಲೆಂಡಿನ ರಾಮ್ಸ್‌ಬಾಟಮ್-ಇಷರ್‌ವುಡ್ ಮುಖ್ಯಸ್ಥ.

ಅವರ ಬಳಿ ಇದ್ದದ್ದು ಒಟ್ಟು 39 ಹರಿಕೇನ್ ಯುದ್ಧವಿಮಾನಗಳು. 24 ಆರ್ಗಸ್ ಎಂಬ ವಿಮಾನವಾಹಕ ಹಡಗಿನಿಂದ ಹಾರಿ ಬಂದವು. ಉಳಿದ 15 ಮರದ ಪೆಟ್ಟಿಗೆಗಳಲ್ಲಿ ಬಿಡಿಭಾಗಗಳಾಗಿ ಬಂದು ಆರ್ಖಾಂಗೆಲ್ಸ್ಕ್ ಬಳಿ ಜೋಡಣೆಯಾದವು. ಸೋವಿಯತ್ ಬಾಂಬರ್‌ಗಳಿಗೆ ಬೆಂಗಾವಲಾಗುವುದು, ರಷ್ಯನ್ ಪೈಲಟ್‌ಗಳಿಗೆ ಹರಿಕೇನ್ ಹಾರಿಸಲು ಕಲಿಸುವುದು ಈ ವಿಂಗ್‌ನ ಕೆಲಸ.

ಶತ್ರುವಿನಷ್ಟೇ ಕಾಡಿದ್ದು ಅಲ್ಲಿನ ನೆಲ. ಉಬ್ಬುತಗ್ಗಿನ ಮೈದಾನದಲ್ಲಿ ವಿಮಾನ ಮೂಗು ನೆಲಕ್ಕೆ ಊರದಿರಲೆಂದು ನೆಲದ ಸಿಬ್ಬಂದಿಯ ಇಬ್ಬರು ಬಾಲದ ಮೇಲೆ ಕೂರುತ್ತಿದ್ದರು. ಒಮ್ಮೆ ಅವರು ಇಳಿಯುವ ಮುನ್ನವೇ ವಿಮಾನ ಮೇಲೇರಿ ಅಪ್ಪಳಿಸಿತು, ಇಬ್ಬರೂ ಸತ್ತರು. ಯುದ್ಧದ ಸಾವುಗಳೆಲ್ಲ ಗುಂಡಿನಿಂದಲೇ ಬರುವುದಿಲ್ಲವಲ್ಲ!

ವರ್ಷಾಂತ್ಯದೊಳಗೆ ಹರಿಕೇನ್‌ಗಳನ್ನು ಸೋವಿಯತ್ ನೌಕಾ ವಾಯುಪಡೆಗೆ ಒಪ್ಪಿಸಿ ಬ್ರಿಟಿಷರು ಮರಳಿದರು. ಇಷರ್‌ವುಡ್ ಸೇರಿ ನಾಲ್ವರಿಗೆ ಸಿಕ್ಕಿದ್ದು ಕಮ್ಯುನಿಸ್ಟ್ ಸೋವಿಯತ್ ಒಕ್ಕೂಟದ ಅತ್ಯುನ್ನತ ಗೌರವಗಳಲ್ಲೊಂದು, ಆರ್ಡರ್ ಆಫ್ ಲೆನಿನ್. ಬ್ರಿಟಿಷ್ ದೊರೆಯ ಸೈನಿಕರ ಎದೆಯ ಮೇಲೆ ಲೆನಿನ್ ಪದಕ!