ಬೈ ಟು ಕಾಫಿಯ ಜೊತೆ ಬೆಂಗಳೂರಿನ ಇತಿಹಾಸ

ಇಪ್ಪತ್ತು ಅನ್ನುವುದು ಒಂದು ವಿಚಿತ್ರ ವಯಸ್ಸು. ವೋಟು ಹಾಕಬಹುದು, ಬೈಕ್ ಓಡಿಸಬಹುದು, ಶೈಕ್ಷಣಿಕ ಸಾಲದ ಪತ್ರಕ್ಕೆ ಸಹಿ ಹಾಕಬಹುದು. ಆದರೆ ಬೆಂಗಳೂರಿನ ಪಬ್ಬಿನ ಬಾಗಿಲಲ್ಲಿ ನಿಂತವರು ಆಧಾರ್ ಕಾರ್ಡ್ ನೋಡಿ ‘21 ಆಗಿಲ್ಲ’ ಎಂದು ನಯವಾಗಿ ವಾಪಸ್ ಕಳಿಸುತ್ತಾರೆ. ನನಗೆ ಅದರ ಬಗ್ಗೆ ಬೇಸರವೇನಿಲ್ಲ. ನಮ್ಮ ಕಾಲೇಜಿನ ಗೆಳೆಯರು ಸೇರಿ ‘ಕಾಫಿ ನಡಿಗೆ’ ಶುರು ಮಾಡಲು ಆ ನಿಯಮವೂ ಒಂದು ಕಾರಣ.

ಗೈಡ್ ಜೊತೆ ನಡೆಯುತ್ತ ಹಳೆಯ ಕಟ್ಟಡಗಳ ಕತೆ ಕೇಳುವುದು, ನಡುನಡುವೆ ಆ ಊರಿನಲ್ಲೇ ತಯಾರಾದ ಬಿಯರ್ ರುಚಿ ನೋಡುವುದು ಈಗ ಎಷ್ಟೋ ನಗರಗಳಲ್ಲಿ ಜನಪ್ರಿಯ. ಬೆಂಗಳೂರಿಗೂ ಅಂಥದ್ದೊಂದು ಕತೆ ಇದೆ. 1809ರಲ್ಲಿ ಬ್ರಿಟಿಷರ ದಂಡು ಇಲ್ಲಿ ನೆಲೆಯೂರಿತು. ಸೈನಿಕರ ಹಿಂದೆಯೇ ಬಿಯರೂ ಬಂತು. 1915ರಲ್ಲಿ ಥಾಮಸ್ ಲೀಶ್ಮನ್ ಎಂಬ ಸ್ಕಾಟ್ಲೆಂಡಿನವರು ದಕ್ಷಿಣ ಭಾರತದ ಐದು ಬ್ರೂವರಿಗಳನ್ನು ಒಂದುಗೂಡಿಸಿ ಯುನೈಟೆಡ್ ಬ್ರೂವರೀಸ್ ಕಟ್ಟಿದರು. ಹಿಂದೆ ಗ್ರಾಂಟ್ ರೋಡ್ ಆಗಿದ್ದ ಬೀದಿ ಇಂದು ವಿಠ್ಠಲ್ ಮಲ್ಯ ರಸ್ತೆ. ಅಲ್ಲಿನ ಬ್ರೂವರಿಯ ಜಾಗದಲ್ಲೇ ಈಗ ಯುಬಿ ಸಿಟಿ ತಲೆಯೆತ್ತಿ ನಿಂತಿದೆ.

ಒಳ್ಳೆಯ ಕತೆಯೇ. ಆದರೆ ಅದು ದಂಡು ಪ್ರದೇಶದ ಕತೆ. ಪೇಟೆ, ಮಾವಳ್ಳಿ, ಬಸವನಗುಡಿಗಳ ಬೆಂಗಳೂರನ್ನು ಅರಿಯಬೇಕಾದರೆ ಹಿಡಿಯಬೇಕಾದದ್ದು ಸ್ಟೀಲ್ ಲೋಟ. ಅದಕ್ಕೆ ವಯಸ್ಸಿನ ಮಿತಿ ಇಲ್ಲ, ಹಾಸ್ಟೆಲ್ ಹುಡುಗರ ಜೇಬಿಗೂ ಭಾರವಾಗುವುದಿಲ್ಲ. ಹಾಗಾಗಿ ಒಂದು ಎರಡನೇ ಶನಿವಾರ ಬೆಳಿಗ್ಗೆ ಹನ್ನೊಂದು ಮಂದಿ ಲಾಲ್‌ಬಾಗ್ ರಸ್ತೆಯಲ್ಲಿ ಸೇರಿದೆವು. ತಲಾ 200 ರೂಪಾಯಿ ಹಾಕಿದ್ದೆವು. ಹೊರಗಿನಿಂದ ಗೈಡ್ ಕರೆಸಲಿಲ್ಲ. ಒಂದೊಂದು ನಿಲ್ದಾಣಕ್ಕೆ ನಮ್ಮಲ್ಲೇ ಒಬ್ಬರು ಗೈಡ್, ಓದಿಕೊಂಡು ಬಂದು ಐದು ನಿಮಿಷ ಕನ್ನಡದಲ್ಲಿ ಹೇಳಬೇಕು. ಫೋನ್ ನೋಡಿ ಓದುವಂತಿಲ್ಲ. ನಿಯಮ ಇಷ್ಟೇ.

ಮೊದಲ ನಿಲ್ದಾಣ ಎಂಟಿಆರ್. ಉಡುಪಿ ಕಡೆಯ ಕೋಟದಿಂದ ಬಂದ ಮಯ್ಯ ಸಹೋದರರು 1924ರಲ್ಲಿ ಇದನ್ನು ಆರಂಭಿಸಿದಾಗ ಇದರ ಹೆಸರು ‘ಬ್ರಾಹ್ಮಣ ಕಾಫಿ ಕ್ಲಬ್’. ಯಜ್ಞನಾರಾಯಣ ಮಯ್ಯರು 1951ರಲ್ಲಿ ಯುರೋಪ್ ಸುತ್ತಿ ಬಂದು, ಅಲ್ಲಿನ ಹೋಟೆಲುಗಳ ಶುಚಿತ್ವ, ಶಿಸ್ತನ್ನು ಇಲ್ಲಿಗೂ ತಂದರು. ಮುಂದೆ ಹೆಸರು ‘ಮಾವಳ್ಳಿ ಟಿಫಿನ್ ರೂಮ್ಸ್’ ಎಂದಾಯಿತು. ಎರಡನೇ ಮಹಾಯುದ್ಧದ ಕಾಲದಲ್ಲಿ ಅಕ್ಕಿಗೆ ಬರ ಬಂದಾಗ ರವೆ ಇಡ್ಲಿ ಹುಟ್ಟಿತು ಎಂದು ಎಂಟಿಆರ್‌ನವರೇ ಹೇಳಿಕೊಳ್ಳುತ್ತಾರೆ. ತುರ್ತು ಪರಿಸ್ಥಿತಿಯಲ್ಲಿ ಸರ್ಕಾರ ಹೋಟೆಲ್ ತಿಂಡಿಗಳ ಬೆಲೆಯನ್ನು ತೀರಾ ಕೆಳಗಿಳಿಸಿದಾಗ ಹೋಟೆಲನ್ನೇ ಮುಚ್ಚಬೇಕಾಯಿತು. ಆಗ ಕೈ ಹಿಡಿದದ್ದು ಪುಡಿ, ಸಿದ್ಧ ಮಿಶ್ರಣಗಳ ವ್ಯಾಪಾರ. ನಮ್ಮ ಪೇಯಿಂಗ್ ಗೆಸ್ಟ್ ರೂಮುಗಳ ಕಪಾಟಿನಲ್ಲಿರುವ ಪ್ಯಾಕೆಟ್ಟಿಗೆ ಇಂಥದ್ದೊಂದು ಹಿನ್ನೆಲೆ ಇದೆ ಎಂದು ನಮ್ಮಲ್ಲಿ ಯಾರಿಗೂ ಗೊತ್ತಿರಲಿಲ್ಲ.

ಇಲ್ಲೇ ಜೂನಿಯರ್ ಹುಡುಗನೊಬ್ಬ ಕೇಳಿದ: ‘ಅಣ್ಣಾ, ಕ್ಲಬ್ಬಿನ ಹೆಸರೇ ಹಾಗಿದ್ರೆ, ಆಗ ನಮ್ಮಂಥೋರನ್ನ ಒಳಗೆ ಬಿಡ್ತಿದ್ರಾ?’

ಒಂದು ಕ್ಷಣ ಎಲ್ಲರೂ ಸುಮ್ಮನಾದೆವು. ಗೈಡ್ ಆಗಿದ್ದ ಸೀನಿಯರ್ ಪ್ರಶ್ನೆಯನ್ನು ತೇಲಿಸಿಬಿಡಲಿಲ್ಲ. ಸ್ವಾತಂತ್ರ್ಯಪೂರ್ವದ ದಕ್ಷಿಣ ಭಾರತದಲ್ಲಿ ಹೋಟೆಲ್ ಎಂದರೆ ಎಲ್ಲರೂ ಒಟ್ಟಿಗೆ ಕೂರುವ ಜಾಗವಾಗಿರಲಿಲ್ಲ. ಹೆಸರಿನಲ್ಲಿ ಬ್ರಾಹ್ಮಣ ಎಂದಿದ್ದರೆ ಅಡುಗೆಯವರ ಜಾತಿಯ ಭರವಸೆ. ಎಷ್ಟೋ ಹೋಟೆಲುಗಳಲ್ಲಿ ಜಾತಿಗೊಂದು ಕೂರುವ ಜಾಗ. ದಲಿತರಿಗೆ ಬಾಗಿಲ ಹೊರಗೇ ಬೇರೆ ಲೋಟ. ಇದು ಯಾವುದೋ ಒಂದು ಹೋಟೆಲಿನ ಮಾತಲ್ಲ, ಆ ಕಾಲದ ರೂಢಿ. 1950ರ ಜನವರಿ 26ರಂದು ಸಂವಿಧಾನ ಜಾರಿಗೆ ಬಂತು. ಅದರ 15ನೇ ವಿಧಿಯ ಎರಡನೇ ಉಪವಿಧಿ ಅಂಗಡಿ, ಹೋಟೆಲುಗಳಲ್ಲಿ ಜಾತಿಯ ಕಾರಣಕ್ಕೆ ಯಾರನ್ನೂ ತಡೆಯುವಂತಿಲ್ಲ ಎಂದು ಸ್ಪಷ್ಟವಾಗಿ ಹೇಳುತ್ತದೆ. ಮೂಲಭೂತ ಹಕ್ಕುಗಳ ಪಟ್ಟಿಯಲ್ಲಿ ಹೋಟೆಲ್ ಅನ್ನುವ ಪದವನ್ನು ಹೆಸರಿಸಿಯೇ ಬರೆಯಬೇಕಾಯಿತು ಎಂದರೆ ಪರಿಸ್ಥಿತಿ ಹೇಗಿದ್ದಿರಬೇಕು! ಸಂವಿಧಾನವನ್ನು ನಾವೆಲ್ಲ ಒಂದು ಸೆಮಿಸ್ಟರಿನಲ್ಲಿ ಓದಿ ಪಾಸಾಗಿದ್ದೇವೆ. ಆ ವಿಧಿ ತಲೆಯಲ್ಲಿ ಉಳಿದದ್ದು ಮಾತ್ರ ಲಾಲ್‌ಬಾಗ್ ರಸ್ತೆಯ ಫುಟ್‌ಪಾತಿನಲ್ಲಿ.

ಅಲ್ಲಿಂದ ಲಾಲ್‌ಬಾಗ್. ಹೈದರಾಲಿ 1760ರಲ್ಲಿ ಆರಂಭಿಸಿದ ತೋಟ ಇದು. ಗಾಜಿನ ಮನೆಗೆ ಅಡಿಗಲ್ಲು ಬಿದ್ದದ್ದು 1889ರಲ್ಲಿ. ಎಲ್ಲರೂ ಅದರ ಮುಂದೆ ಫೋಟೊ ತೆಗೆಸಿಕೊಂಡರು. ನನಗೆ ಹಿಡಿಸಿದ್ದು ಕೆಂಪೇಗೌಡ ಗೋಪುರ ನಿಂತಿರುವ ಬಂಡೆ. ಭೂವಿಜ್ಞಾನಿಗಳ ಲೆಕ್ಕದಲ್ಲಿ ಅದರ ವಯಸ್ಸು ಸುಮಾರು 300 ಕೋಟಿ ವರ್ಷ. ನಡೆಯುತ್ತ ಕೇಳುವ ಇತಿಹಾಸಕ್ಕೂ ಪಠ್ಯದ ಇತಿಹಾಸಕ್ಕೂ ಇರುವ ವ್ಯತ್ಯಾಸ ಇದೇ ಇರಬೇಕು. ಇಲ್ಲಿ ಇಸವಿಯನ್ನು ಕಾಲಿನಿಂದ ಮುಟ್ಟಿ ನೋಡಬಹುದು.

ಪಶ್ಚಿಮ ದ್ವಾರದಿಂದ ಹೊರಬಿದ್ದು ಬಸವನಗುಡಿ ಕಡೆ ನಡೆದರೆ ರಸ್ತೆಗಳು ನೇರವಾಗುತ್ತವೆ. ಯಾಕೆ? ಇದನ್ನು ವಿವರಿಸಿದ್ದು ಯಾದಗಿರಿ ಕಡೆಯಿಂದ ಬಂದ, ಕ್ಲಾಸಿನಲ್ಲಿ ಹಾಜರಿ ಹೇಳುವುದಕ್ಕೂ ನಾಚುವ ಹುಡುಗ. 1898ರಲ್ಲಿ ಬೆಂಗಳೂರಿಗೆ ಪ್ಲೇಗ್ ಬಂತು. ಪೇಟೆಯ ಇಕ್ಕಟ್ಟಾದ ಗಲ್ಲಿಗಳಲ್ಲಿ ಸಾವು ಸಾಲುಗಟ್ಟಿತು. ಆ ನಂತರ ಗಾಳಿ ಬೆಳಕಿಗೆ ಜಾಗ ಬಿಟ್ಟು, ಅಗಲ ರಸ್ತೆ, ಚರಂಡಿಗಳ ಸಮೇತ ಯೋಜಿಸಿದ ಬಡಾವಣೆಗಳೇ ಬಸವನಗುಡಿ ಮತ್ತು ಮಲ್ಲೇಶ್ವರ. ‘ನಾವು ಕೊರೊನಾದಾಗ ಊರಿಗೆ ಓಡಿಹೋದ್ವಿ. ಅವರು ಹೊಸ ಊರನ್ನೇ ಕಟ್ಟಿದ್ರು’ ಎಂದು ಅವನು ಮುಗಿಸಿದಾಗ ಚಪ್ಪಾಳೆ ಬಿತ್ತು. ಕಾಲೇಜಿನ ಸೆಮಿನಾರ್ ಹಾಲಿನಲ್ಲಿ ಅವನಿಂದ ಒಂದು ವಾಕ್ಯವನ್ನೂ ನಾವು ಕೇಳಿರಲಿಲ್ಲ.

ಹೊಸ ಬಡಾವಣೆ ಎಂದಮೇಲೆ ಶಾಲೆ, ಕಾಲೇಜು, ಹಾಸ್ಟೆಲ್, ಅವುಗಳ ಹಿಂದೆಯೇ ಹೋಟೆಲ್. ಗಾಂಧಿ ಬಜಾರಿನ ವಿದ್ಯಾರ್ಥಿ ಭವನ 1943ರದ್ದು. ಹೆಸರೇ ಹೇಳುವಂತೆ ಸುತ್ತಲಿನ ವಿದ್ಯಾರ್ಥಿಗಳನ್ನು ನಂಬಿ ಶುರುವಾದ ಜಾಗ. ದೋಸೆಗೆ ಸರದಿ ಕಾಯುತ್ತ ನಾವು ಬೈ ಟು ಬಗ್ಗೆ ಮಾತಾಡಿದೆವು. ಒಂದು ಕಾಫಿಯನ್ನು ಎರಡು ಲೋಟಕ್ಕೆ ಹಂಚಿ ಕೊಡುವ ಈ ಏರ್ಪಾಡು ಜಿಪುಣತನ ಅಲ್ಲ. ಕಡಿಮೆ ದುಡ್ಡಿನಲ್ಲಿ ಜಾಸ್ತಿ ಹೊತ್ತು ಕೂತು ಮಾತಾಡಲು ಸಿಗುವ ಪರವಾನಗಿ. ಬಸವನಗುಡಿಯ ಎಷ್ಟು ಗೆಳೆತನ, ಎಷ್ಟು ಪತ್ರಿಕೆ, ಎಷ್ಟು ನಾಟಕ ತಂಡಗಳು ಅರ್ಧ ಲೋಟದ ಮೇಲೆ ಕಟ್ಟಿಕೊಂಡವೋ!

ಮುಂದಿನ ನಿಲ್ದಾಣ ಕಾಫಿ ಪುಡಿ ಅಂಗಡಿ. ಹುರಿದ ಬೀಜವನ್ನು ಕಣ್ಣೆದುರೇ ಬೀಸಿ ಕೊಡುವ ಅಂಗಡಿಯ ಮುಂದೆ ನಿಂತರೆ ವಾಸನೆಯೇ ಅರ್ಧ ಪಾಠ. ಇಲ್ಲಿ ಗೈಡ್ ನಾನು. ಪೀಬೆರಿ ಎಂದರೆ ಹಣ್ಣಿನೊಳಗೆ ಎರಡರ ಬದಲು ಒಂದೇ ಬೀಜ ಬೆಳೆದು ದುಂಡಗಾಗಿರುವುದು. ಪ್ಲಾಂಟೇಶನ್ ಎಂದರೆ ನೀರಿನಲ್ಲಿ ತೊಳೆದು ಸಂಸ್ಕರಿಸಿದ ಅರೇಬಿಕಾ, ಚೆರಿ ಎಂದರೆ ಹಣ್ಣನ್ನು ಹಾಗೇ ಕಣದಲ್ಲಿ ಒಣಗಿಸಿದ್ದು. ಚಿಕೋರಿ ಕಾಫಿಯೇ ಅಲ್ಲ, ಒಂದು ಗಿಡದ ಹುರಿದ ಬೇರು. ಅದರಲ್ಲಿ ಕೆಫೀನ್ ಇಲ್ಲ. ಡಿಕಾಕ್ಷನ್‌ಗೆ ಗಾಢ ಬಣ್ಣ, ಒಂದಿಷ್ಟು ಕಹಿ, ಮಂದತೆ ಕೊಡುವುದು ಅದರ ಕೆಲಸ. ಕಾಫಿ–ಚಿಕೋರಿ ಮಿಶ್ರಣದಲ್ಲಿ ಕಾಫಿ ಕನಿಷ್ಠ ಶೇ 51 ಇರಲೇಬೇಕೆಂಬುದು ಕಾನೂನು. ಪ್ಯಾಕೆಟ್ ಮೇಲೆ ಪ್ರಮಾಣ ಬರೆದಿರುತ್ತದೆ. ನಾವು ಮೊಬೈಲ್ ಕೊಳ್ಳುವಾಗ ಓದುವಷ್ಟು ಶ್ರದ್ಧೆಯಿಂದ ಅದನ್ನು ಓದುವುದಿಲ್ಲ ಅಷ್ಟೇ.

ಫಿಲ್ಟರ್ ಅನ್ನುವುದೂ ಒಂದು ಸರಳ ಯಂತ್ರ. ವಿದ್ಯುತ್ ಇಲ್ಲ, ಒತ್ತಡ ಇಲ್ಲ, ಗುರುತ್ವಾಕರ್ಷಣೆಯೊಂದೇ ಇಂಧನ. ಪುಡಿ ತೀರಾ ನುಣ್ಣಗಾದರೆ ನೀರು ಇಳಿಯುವುದಿಲ್ಲ, ತರಿಯಾದರೆ ಸಾರ ಬಿಡದೆ ಹಾದುಹೋಗುತ್ತದೆ. ಕುದಿಯುವ ಹಾಲು ಬೆರೆಸಿ ಲೋಟದಿಂದ ಬಟ್ಟಲಿಗೆ ಎತ್ತರದಿಂದ ಸುರಿದಾಗ ಸಕ್ಕರೆ ಕರಗುತ್ತದೆ, ಬಿಸಿ ಹದಕ್ಕೆ ಬರುತ್ತದೆ, ನೊರೆ ಏಳುತ್ತದೆ. ಒಂದೇ ಕ್ರಿಯೆಯಲ್ಲಿ ಮೂರು ಕೆಲಸ. ಫ್ಲೂಯಿಡ್ ಮೆಕ್ಯಾನಿಕ್ಸ್ ಲ್ಯಾಬಿನಲ್ಲಿ ಇಷ್ಟು ಆಸಕ್ತಿಯಿಂದ ಯಾರೂ ನನ್ನ ಮಾತು ಕೇಳಿಲ್ಲ.

ಕೊನೆಯದಾಗಿ ಶಂಕರಪುರದ ಬ್ರಾಹ್ಮಿನ್ಸ್ ಕಾಫಿ ಬಾರ್. 1965ರಿಂದ ಇರುವ ಪುಟ್ಟ ಜಾಗ. ಇಡ್ಲಿ, ವಡೆ, ಚಟ್ನಿ, ಕಾಫಿ. ಸಾಂಬಾರಿಲ್ಲ. ರಸ್ತೆ ಬದಿಯ ಕಟ್ಟೆಯಲ್ಲಿ ಆಟೊ ಚಾಲಕರು, ಸಾಫ್ಟ್‌ವೇರ್‌ನವರು, ತರಕಾರಿ ಚೀಲ ಹಿಡಿದ ಅಜ್ಜಂದಿರು ಭುಜಕ್ಕೆ ಭುಜ ತಾಗಿಸಿ ನಿಂತು ಒಂದೇ ಬಗೆಯ ಲೋಟದಲ್ಲಿ ಕುಡಿಯುತ್ತಿದ್ದರು. ಬೆಳಿಗ್ಗೆ ಪ್ರಶ್ನೆ ಕೇಳಿದ್ದ ಜೂನಿಯರ್ ಮಾತಿಲ್ಲದೆ ಸುತ್ತ ನೋಡಿದ. ಹೆಸರು ಹಳೆಯದೇ ಇದೆ, ಲೋಟ ಮಾತ್ರ ಎಲ್ಲರದ್ದು. ಅದು ತಾನಾಗಿ ಆದ ಬದಲಾವಣೆ ಅಲ್ಲ ಎಂಬುದು ಅಷ್ಟು ಹೊತ್ತಿಗೆ ನಮಗೆಲ್ಲ ಗೊತ್ತಾಗಿತ್ತು.

ನಡಿಗೆ ಮುಗಿಯಿತು ಅಂದುಕೊಂಡಾಗ ಮೂಡಿಗೆರೆ ಕಡೆಯ ಗೆಳತಿ ಬ್ಯಾಗಿನಿಂದ ಫ್ಲಾಸ್ಕ್ ತೆಗೆದಳು. ‘ಬೀಜ ಎಲ್ಲಿಂದ ಬಂತು ಅಂತ ಯಾರೂ ಹೇಳಲೇ ಇಲ್ವಲ್ಲ’ ಎಂದಳು. ಬಾಬಾ ಬುಡನ್ 17ನೇ ಶತಮಾನದಲ್ಲಿ ಯೆಮನ್‌ನಿಂದ ಏಳು ಬೀಜ ತಂದು ಚಂದ್ರದ್ರೋಣ ಬೆಟ್ಟದಲ್ಲಿ ನೆಟ್ಟರೆಂಬ ಪ್ರತೀತಿ ಎಲ್ಲರಿಗೂ ಗೊತ್ತು. ದೇಶದ ಕಾಫಿಯಲ್ಲಿ ಸುಮಾರು ಶೇ 70ರಷ್ಟು ಕರ್ನಾಟಕದ್ದು ಎಂಬುದೂ ಕ್ವಿಜ್‌ನಲ್ಲಿ ಬರುತ್ತದೆ. ಅವಳು ಹೇಳಿದ್ದು ಬೇರೆ. ಅವಳ ಅಜ್ಜಿ ಲೈನ್ ಮನೆಯಲ್ಲಿದ್ದು ಹಣ್ಣು ಕೊಯ್ದವರು. ಸಂಜೆ ರೈಟರ್ ತೂಕ ಬರೆದುಕೊಂಡಷ್ಟಕ್ಕೆ ಕೂಲಿ. ಒಳ್ಳೆಯ ಬೀಜವೆಲ್ಲ ಲಾರಿ ಹತ್ತುತ್ತಿತ್ತು. ಮನೆಗೆ ಉಳಿಯುತ್ತಿದ್ದುದು ನೆಲದಿಂದ ಹೆಕ್ಕಿದ್ದು. ಅದನ್ನೇ ಹುರಿದು ಕುಟ್ಟಿ, ಬೆಲ್ಲ ಹಾಕಿ ಕುದಿಸಿದ ಕರಿ ಕಾಫಿ. ಹಾಲು ಇರುತ್ತಿರಲಿಲ್ಲ. ಫ್ಲಾಸ್ಕಿನಲ್ಲಿದ್ದುದು ಅದೇ ಬೆಲ್ಲದ ಕಾಫಿ. ‘ಅಜ್ಜಿ ಇಷ್ಟು ವರ್ಷದಲ್ಲಿ ಒಂದು ದಿನಾನೂ ಫಿಲ್ಟರ್ ಕಾಫಿ ಕುಡಿದಿರಲಿಲ್ಲ, ನಾನೇ ಹೋದ ವರ್ಷ ಮಾಡಿಕೊಟ್ಟೆ’ ಎಂದಳು. ಆ ದಿನ ನಾವು ಕುಡಿದ ನಾಲ್ಕು ಬಗೆಯ ಕಾಫಿಯಲ್ಲಿ ನೆನಪಿನಲ್ಲಿ ನಿಂತಿರುವುದು ಅದು.

ಆಮೇಲೆ ನಡಿಗೆಯ ಪಟ್ಟಿಯಲ್ಲಿ ಬೆಲ್ಲದ ಕಾಫಿಯೂ ಒಂದು ಕಾಯಂ ನಿಲ್ದಾಣವಾಯಿತು. ರುಚಿಯ ನೆಪದಲ್ಲಿ ಇತಿಹಾಸ ಹೇಳುವಾಗ ಸಿಹಿಯಾದ ಭಾಗವನ್ನಷ್ಟೇ ಬಡಿಸುವುದು ಸುಲಭ. ಹಳೆ ಬೋರ್ಡು, ಬೆಳ್ಳಿ ಲೋಟ, ‘ಆ ಕಾಲ ಎಷ್ಟು ಚೆಂದ’ ಅನ್ನುವ ನಿಟ್ಟುಸಿರು, ಒಂದು ರೀಲ್ಸ್. ಆದರೆ ಯಾರು ಒಳಗೆ ಕೂತರು, ಯಾರು ಹೊರಗೆ ನಿಂತರು, ಯಾರು ಬೆಳೆದರು ಎಂಬುದನ್ನು ಬಿಟ್ಟರೆ ಅದು ಇತಿಹಾಸವಲ್ಲ, ಜಾಹೀರಾತು.

ಇದರಿಂದ ಉಪಯೋಗವೇನು ಎಂದು ಕೇಳುವ ಗೆಳೆಯರಿಗೂ ಒಂದು ಮಾತು. ಕಾಫಿ ಮಂಡಳಿ ಕಾಫಿ ಗುಣಮಟ್ಟ ನಿರ್ವಹಣೆಯಲ್ಲಿ ಸ್ನಾತಕೋತ್ತರ ಡಿಪ್ಲೊಮಾ ನಡೆಸುತ್ತದೆ. ಹುರಿಯುವುದು, ರುಚಿ ಪರೀಕ್ಷಿಸುವುದೂ ಕಲಿತು ಮಾಡುವ ಕೆಲಸಗಳು ಎಂದು ನಮ್ಮಲ್ಲಿ ಇಬ್ಬರಿಗೆ ತಿಳಿದದ್ದು ಈ ನಡಿಗೆಯಿಂದಲೇ. ಇನ್ನುಳಿದವರಿಗೆ, ಹನ್ನೊಂದು ಜನರ ಮುಂದೆ ನಿಂತು ಐದು ನಿಮಿಷ ತಡವರಿಸದೆ ಮಾತಾಡುವ ಅಭ್ಯಾಸ. ಗ್ರೂಪ್ ಡಿಸ್ಕಷನ್‌ಗೆ ಇದಕ್ಕಿಂತ ಅಗ್ಗದ ತರಬೇತಿ ನನಗಂತೂ ಗೊತ್ತಿಲ್ಲ.

ಬೆಂಗಳೂರೇ ಬೇಕೆಂದಿಲ್ಲ. ಮಂಡ್ಯದಲ್ಲಿ ಕಬ್ಬಿನ ಹಾಲಿನ ಗಾಣದಿಂದ ಶುರು ಮಾಡಿ, ಧಾರವಾಡದಲ್ಲಿ ಚಹಾದ ಅಂಗಡಿಯಿಂದ, ಶಿರಸಿಯಲ್ಲಿ ಕೋಕಂ ಶರಬತ್ತಿನಿಂದ. ನಾಲ್ಕು ಕಿಲೋಮೀಟರ್ ಮೀರದ ದಾರಿ, ನಾಲ್ಕೇ ನಿಲ್ದಾಣ, ಹತ್ತು–ಹನ್ನೆರಡು ಜನ ಸಾಕು. ಅಂಗಡಿಯವರಿಗೆ ಮೊದಲೇ ಹೇಳಿ, ಗಿರಾಕಿಗಳ ದಾರಿಗೆ ಅಡ್ಡ ನಿಲ್ಲಬೇಡಿ. ಪ್ರತಿ ನಿಲ್ದಾಣದಲ್ಲೂ ಎರಡು ಪ್ರಶ್ನೆ ಕೇಳಿ: ಇದನ್ನು ಮಾಡಿದವರು ಯಾರು? ಇದನ್ನು ಕುಡಿಯಲು ಯಾರಿಗೆ ಬಿಡುತ್ತಿರಲಿಲ್ಲ? ಉತ್ತರ ಹುಡುಕುತ್ತ ಹೊರಟರೆ ನಿಮ್ಮೂರಿನ ದಾರಿ ತಾನಾಗಿಯೇ ತೆರೆದುಕೊಳ್ಳುತ್ತದೆ.